ಅಜ್ಜಿಯ ಚಿತ್ರ ಬಿಡಿಸಿದ ಹುಡುಗ
(ವಿದ್ಯಾರ್ಥಿವೇತನ ವಿತರಣಾ ಸಮಾರಂಭದಲ್ಲಿ ಆಯ್ಕೆ ಸಮಿತಿಯ ಸದಸ್ಯರೊಬ್ಬರು ಮಾಡಿದ ಭಾಷಣ)



ಕಳೆದ ವರ್ಷ ನಮ್ಮ ಸಮಿತಿಗೆ ಒಂದು ಅರ್ಜಿ ಬಂದಿತ್ತು. ಪಿಯುಸಿಯಲ್ಲಿ ಒಳ್ಳೆಯ ಅಂಕ ಪಡೆದ ಹುಡುಗಿ. ಕೋರ್ಸ್ ಎಂಬ ಜಾಗದಲ್ಲಿ 'ಅನಿಮೇಷನ್' ಎಂದು ಬರೆದಿದ್ದಳು. "ಕಾರ್ಟೂನಿಗೆಲ್ಲ ದಾನಿಗಳ ಹಣ ಕೊಡಲಾದೀತೇ?" ಎಂದು ಅರ್ಜಿಯನ್ನು ಪಕ್ಕಕ್ಕಿಟ್ಟವನು ನಾನೇ. ಕೆಲವು ತಿಂಗಳ ನಂತರ ಅವಳ ತಂದೆ ಸಿಕ್ಕಿದರು. "ನೀವು ಹೇಳಿದ ಹಾಗೆ ಬಿ.ಕಾಂ.ಗೆ ಸೇರಿಸಿದೆ ಸರ್. ಈಗ ಅವಳು ಪೆನ್ಸಿಲ್ ಮುಟ್ಟುವುದೇ ಇಲ್ಲ" ಎಂದರು. ದೂರುವ ಧ್ವನಿಯಲ್ಲಿ ಹೇಳಲಿಲ್ಲ. ಅದಕ್ಕೇ ಆ ಮಾತು ನನ್ನನ್ನು ಇಂದಿಗೂ ಬಿಟ್ಟಿಲ್ಲ.

ಆದ್ದರಿಂದ ಇಂದು ನಿಮಗೆ ಒಬ್ಬರ ವಿಷಯ ಹೇಳಬೇಕೆಂದಿದ್ದೇನೆ. ದುಬೈಯ ಮುಹಮ್ಮದ್ ಸಯೀದ್ ಹಾರಿಬ್. ನಮ್ಮ ಕರಾವಳಿಯಲ್ಲಿ ದುಬೈಗೆ ಹೋಗಿ ದುಡಿದವರಿಲ್ಲದ ಕುಟುಂಬ ಕಡಿಮೆ. ಅಲ್ಲಿದ್ದ ನಿಮ್ಮಲ್ಲಿ ಹಲವರು ರಮಝಾನ್ ಸಂಜೆಗಳಲ್ಲಿ ಟಿ.ವಿ.ಯಲ್ಲಿ 'ಫ್ರೀಜ್' ನೋಡಿರಬಹುದು. ನಾಲ್ವರು ಅಜ್ಜಿಯರ ಕಾರ್ಟೂನ್. ಅದನ್ನು ಸೃಷ್ಟಿಸಿದವರು, ನಿರ್ಮಿಸಿದವರು ಇವರೇ.

ಹಾರಿಬ್ ಅಮೆರಿಕದ ಬಾಸ್ಟನ್‌ನ ನಾರ್ತ್‌ಈಸ್ಟರ್ನ್ ವಿಶ್ವವಿದ್ಯಾಲಯದಲ್ಲಿ ಕಲೆ ಮತ್ತು ಅನಿಮೇಷನ್ ಓದಿದವರು. 1998ರಲ್ಲಿ ತರಗತಿಯಲ್ಲಿ, ನಿಮ್ಮ ನಿಮ್ಮ ಸಂಸ್ಕೃತಿಯಿಂದ ಒಬ್ಬ ವೀರ ಪಾತ್ರವನ್ನು ರಚಿಸಿ ಎಂಬ ಮಾತು ಬಂತು. ಅವರು ಹಾರುವ ಮನುಷ್ಯನನ್ನಾಗಲಿ ಕತ್ತಿ ಹಿಡಿದ ಯೋಧನನ್ನಾಗಲಿ ಬರೆಯಲಿಲ್ಲ. ಸಾಂಪ್ರದಾಯಿಕ ಮುಖಪಟ್ಟಿ ಧರಿಸಿದ ತಮ್ಮೂರಿನ ಅಜ್ಜಿಯೊಬ್ಬಳನ್ನು ಬರೆದರು. ಅವಳೇ ಮುಂದೆ ಉಮ್ಮ್ ಸಯೀದ್ ಆದಳು. ಅವಳ ಜೊತೆಗೆ ಮರೆವಿನ ಉಮ್ಮ್ ಸಲ್ಲೂಮ್, ಕಂಪ್ಯೂಟರ್ ಬಲ್ಲ ಉಮ್ಮ್ ಅಲ್ಲಾವಿ, ಜೋರುಬಾಯಿಯ ಉಮ್ಮ್ ಖಮ್ಮಾಸ್ ಸೇರಿದರು. 'ಫ್ರೀಜ್' ಎಂದರೆ ಅಲ್ಲಿನ ಆಡುಮಾತಿನಲ್ಲಿ ಕೇರಿ. ಸುತ್ತ ಗಗನಚುಂಬಿ ಕಟ್ಟಡಗಳು ಏಳುತ್ತಿರುವಾಗ ಹಳೆಯ ಕೇರಿಯೊಂದರಲ್ಲಿ ಈ ನಾಲ್ವರು ಹೇಗೆ ಬದುಕುತ್ತಾರೆ ಎಂಬುದೇ ಕಥೆ.

ಚಿತ್ರ ಬಿಡಿಸಿದ ಮರುದಿನವೇ ಅದು ಟಿ.ವಿ.ಗೆ ಬರಲಿಲ್ಲ. ಸಮಾ ದುಬೈ ವಾಹಿನಿಯಲ್ಲಿ ಫ್ರೀಜ್ ಪ್ರಸಾರವಾದದ್ದು 2006ರ ರಮಝಾನ್‌ನಲ್ಲಿ. ನಡುವೆ 8 ವರ್ಷ! ಹಾರಿಬ್ ಲಮ್‌ತಾರಾ ಪಿಕ್ಚರ್ಸ್ ಎಂಬ ಸಂಸ್ಥೆ ಕಟ್ಟಬೇಕಾಯಿತು, ಹಣ ಹೊಂದಿಸಬೇಕಾಯಿತು. ಬುರ್ಖಾ ಧರಿಸಿದ ಮುದುಕಿಯರ ಕಥೆಯನ್ನು ಮಕ್ಕಳು ನೋಡುತ್ತಾರೆಂದು ಹಣ ಹಾಕುವವರನ್ನು ನಂಬಿಸುವುದು ಸುಲಭದ ಕೆಲಸವೇ? ಆದರೆ ಮಕ್ಕಳೂ ನೋಡಿದರು, ಅವರ ಅಜ್ಜಿಯರೂ ನೋಡಿದರು. ಮುಂದೆ 2014ರ 'ದಿ ಪ್ರಾಫೆಟ್' ಎಂಬ ಅಂತರರಾಷ್ಟ್ರೀಯ ಅನಿಮೇಷನ್ ಚಿತ್ರದ ಒಂದು ಭಾಗವನ್ನು ನಿರ್ದೇಶಿಸುವ ಅವಕಾಶವೂ ಹಾರಿಬ್ ಅವರಿಗೆ ಬಂತು.

ತಂದೆ-ತಾಯಂದಿರೇ, ಇದು ಆಟದ ಕೆಲಸವಲ್ಲ. ಟಿ.ವಿ.ಯಲ್ಲಿ ಸೆಕೆಂಡಿಗೆ 25 ಚಿತ್ರಗಳಂತೆ ಲೆಕ್ಕ ಹಾಕಿದರೆ, 10 ನಿಮಿಷಕ್ಕೆ 15,000 ಚಿತ್ರಗಳು. ಒಬ್ಬರು ಕಥೆ, ಸಂಭಾಷಣೆ ಬರೆಯಬೇಕು. ಒಬ್ಬರು ಅದನ್ನು ದೃಶ್ಯ ದೃಶ್ಯವಾಗಿ ಬಿಡಿಸಬೇಕು. ಕಂಪ್ಯೂಟರಿನಲ್ಲಿ ಪಾತ್ರಕ್ಕೆ ಮೈ ಕೊಡುವವರು, ಚಲನೆ ಕೊಡುವವರು, ಧ್ವನಿ ಕೊಡುವವರು ಬೇರೆ ಬೇರೆ. ಎಲ್ಲರಿಗೂ ಸಂಬಳ ಕೊಟ್ಟು, ಹೇಳಿದ ದಿನಕ್ಕೆ ಕೆಲಸ ಮುಗಿಸುವ ಹೊಣೆ ನಿರ್ಮಾಪಕರದ್ದು. ಇದರಲ್ಲಿ ಗಣಿತ ಬಲ್ಲವರಿಗೂ ಕೆಲಸವಿದೆ, ಭಾಷೆ ಬಲ್ಲವರಿಗೂ ಇದೆ, ಲೆಕ್ಕಪತ್ರ ಬಲ್ಲವರಿಗೂ ಇದೆ.

ಹಾಗೆಂದು ಚಿತ್ರ ಬಿಡಿಸುವ ಮಕ್ಕಳೆಲ್ಲ ಇದೇ ದಾರಿ ಹಿಡಿಯಲಿ ಎನ್ನುವುದಿಲ್ಲ. ಈ ಕ್ಷೇತ್ರದಲ್ಲಿ ಎಷ್ಟೋ ಕೆಲಸಗಳು ಒಂದು ಯೋಜನೆ ಮುಗಿಯುವವರೆಗೆ ಮಾತ್ರ. ಜಾಹೀರಾತು ನೋಡಿ ದುಬಾರಿ ಶುಲ್ಕ ಕಟ್ಟಬೇಡಿ. ಅಲ್ಲಿ ಕಲಿತ ಮಕ್ಕಳು ಮಾಡಿದ ಕೆಲಸ ತೋರಿಸಿ ಎಂದು ಕೇಳಿ. ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಂಥ ಸರ್ಕಾರಿ ಸಂಸ್ಥೆಗಳಲ್ಲೂ ಅನಿಮೇಷನ್ ಕಲಿಸುತ್ತಾರೆ. ಪ್ರವೇಶ ಪರೀಕ್ಷೆ ಇದೆ. ಮೊದಲೇ ತಯಾರಿ ಬೇಕು. ಮಕ್ಕಳೇ, ನೀವು ಬಿಡಿಸಿದ ಚಿತ್ರ, ಬರೆದ ಕಥೆ ಯಾವುದನ್ನೂ ಬಿಸಾಡಬೇಡಿ. ದಿನಾಂಕ ಹಾಕಿ ಇಟ್ಟುಕೊಳ್ಳಿ.

ದಾನಿಗಳೇ, ನೀವು ಕೊಟ್ಟ ಹಣದಿಂದ ಡಾಕ್ಟರಾದವರು, ಎಂಜಿನಿಯರಾದವರು ಇದೇ ಸಭೆಯಲ್ಲಿದ್ದಾರೆ. ಅದು ನಿಲ್ಲಬಾರದು. ಅದರ ಜೊತೆಗೆ, ನಮ್ಮ ಅಜ್ಜಿಯರ ಮಾತು, ನಮ್ಮ ಕೇರಿಯ ನಗು ಇವುಗಳನ್ನು ಮಕ್ಕಳಿಗೆ ಮುಟ್ಟಿಸುವವರೂ ಬೇಕಲ್ಲವೇ? ನಾವು ಬರೆಯದಿದ್ದರೆ ನಮ್ಮ ಬಗ್ಗೆ ಬೇರೆಯವರು ಬರೆಯುತ್ತಾರೆ. ಆಮೇಲೆ ಅದು ಸರಿಯಿಲ್ಲ ಎಂದು ಬೇಸರಪಟ್ಟು ಏನು ಫಲ?

ಇನ್ನು ಮುಂದೆ ಇಂಥ ಅರ್ಜಿಗಳನ್ನೂ ಉಳಿದವುಗಳಂತೆಯೇ ಪರಿಶೀಲಿಸಬೇಕೆಂದು ಸಮಿತಿಗೆ ಬರೆದುಕೊಟ್ಟಿದ್ದೇನೆ. ಆ ಹುಡುಗಿಯ ಮನೆಗೂ ಹೋಗಿ ಬಂದೆ. ತಪ್ಪು ನನ್ನದು, ಮತ್ತೊಮ್ಮೆ ಅರ್ಜಿ ಹಾಕಮ್ಮ ಎಂದೆ. ಅವಳು ಏನೂ ಹೇಳಲಿಲ್ಲ. ಒಳಗೆ ಹೋಗಿ ಒಂದು ಹಳೆಯ ಡ್ರಾಯಿಂಗ್ ಪುಸ್ತಕ ತಂದು ನನ್ನ ಕೈಗೆ ಕೊಟ್ಟಳು. ಅದರಲ್ಲೂ ಒಬ್ಬ ಅಜ್ಜಿ ಇದ್ದಳು. ಮೀನಿನ ಬುಟ್ಟಿಯ ಮುಂದೆ ಕುಳಿತು ಚೌಕಾಸಿ ಮಾಡುತ್ತಿದ್ದಳು.