ಗುಂಪಿನ ಕೈ, ಒಬ್ಬೊಬ್ಬನ ಹೊಣೆ

(ನಾಗರಿಕರ ಸಭೆಯಲ್ಲಿ ಮಾಡಿದ ಭಾಷಣ)



ಹೊಲದ ಬದುವಿಗಾಗಿ ಕಲಹವೆದ್ದು ಒಬ್ಬನ ತಲೆ ಒಡೆಯಿತೆನ್ನಿರಿ. ಬಡಿಗೆಯಿಂದ ಹೊಡೆದವನು ಒಬ್ಬ; ಕೈ ಹಿಡಿದು ನಿಲ್ಲಿಸಿದವನು ಮತ್ತೊಬ್ಬ; ಯಾರೂ ಬಾರದಂತೆ ದಾರಿ ಕಾಯ್ದವನು ಮೂರನೆಯವನು; ಗದ್ದಲ ಕೇಳಿ ಓಡಿಬಂದವನು ನಾಲ್ಕನೆಯವನು. ಇವರಲ್ಲಿ ದಂಡನೆಗೆ ಅರ್ಹರಾರು? ಹೊಡೆದವನು ಮಾತ್ರವೆಂದರೆ ಸಂಚುಗಾರರು ಪಾರಾಗುವರು. ಎಲ್ಲರೂ ಎಂದರೆ ನಿರಪರಾಧಿಯು ಸೆರೆಮನೆಯನ್ನು ಕಾಣುವನು. ಈ ಎರಡು ಅನ್ಯಾಯಗಳನ್ನೂ ತಪ್ಪಿಸುವ ದಾರಿ ಯಾವದೆಂಬದನ್ನೇ ಇಂದು ವಿವೇಚಿಸುವೆನು.

ಹಲವರು ಸಮಾನ ಆಶಯದ ಸಾಧನೆಗಾಗಿ ಕೂಡಿ ಅಪರಾಧವೆಸಗಿದರೆ, ಪ್ರತಿಯೊಬ್ಬನೂ ಅದನ್ನು ತಾನೊಬ್ಬನೇ ಮಾಡಿದಂತೆ ಹೊಣೆಯಾಗುವನು. ಇದು 1860ರ ಭಾರತೀಯ ದಂಡ ಸಂಹಿತೆಯ 34ನೆಯ ಕಲಮಿನ ತಾತ್ಪರ್ಯ. 'ಸಮಾನ ಆಶಯ'ವೆಂಬ ಮಾತು ಅದರಲ್ಲಿ ಸೇರಿದ್ದು 1870ರ ತಿದ್ದುಪಡಿಯಿಂದ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 3ನೆಯ ಕಲಮಿನ 5ನೆಯ ಉಪಕಲಮಿನಲ್ಲಿ ಅದೇ ತತ್ತ್ವವು ಮುಂದುವರಿದಿದೆ.

ಎರಡು ಮೊಕದ್ದಮೆಗಳನ್ನು ನೋಡಿರಿ. 1923ರ ಆಗಸ್ಟಿನಲ್ಲಿ ಕಲಕತ್ತೆಯ ಶಂಕರೀಟೋಲಾ ಅಂಚೆಕಚೇರಿಗೆ ಕೆಲವರು ನುಗ್ಗಿ, ಹಣ ಕೇಳಿ, ಅಂಚೆಯ ಅಧಿಕಾರಿಯನ್ನು ಗುಂಡಿಕ್ಕಿ ಕೊಂದರು. ಆರೋಪಿಗಳಲ್ಲಿ ಬರೀಂದ್ರಕುಮಾರ ಘೋಷನು ತಾನು ಹೊರಗೆ ಅಂಗಳದಲ್ಲಿ ನಿಂತಿದ್ದನೆಂದು ವಾದಿಸಿದನು. ಪ್ರಿವಿ ಕೌನ್ಸಿಲು ಇದನ್ನು ಮನ್ನಿಸಲಿಲ್ಲ. ಒಂದೇ ಸಂಕಲ್ಪದಿಂದ ಬಂದವರಲ್ಲಿ ಕಾವಲು ನಿಂತವನೂ ಆ ಕೃತ್ಯದ ಪಾಲುಗಾರನೇ ಎಂದಿತು.

ಇನ್ನೊಂದು 1943ರದು. ಸಿಂಧೂನದಿಯ ತೀರದಲ್ಲಿ ಜೊಂಡಿನ ಸಲುವಾಗಿ ಜಗಳವಾಯಿತು. ಪೆಟ್ಟುತಿಂದ ಬಂಧುವಿನ ಕೂಗು ಕೇಳಿ ಇಬ್ಬರು ಬಂದೂಕು ಹಿಡಿದು ಬಂದರು. ಒಬ್ಬನ ಗುಂಡಿಗೆ ಒಬ್ಬನು ಸತ್ತನು; ಎರಡನೆಯವನಾದ ಮಹಬೂಬ ಶಹನ ಗುಂಡಿನಿಂದ ಬೇರೊಬ್ಬನಿಗೆ ಗಾಯವಾಯಿತು. ಕೊಲೆಯ ಹೊಣೆ ಹೊರಿಸಿ ಮಹಬೂಬನಿಗೆ ವಿಧಿಸಿದ್ದ ಮರಣದಂಡನೆಯನ್ನು 1945ರಲ್ಲಿ ಪ್ರಿವಿ ಕೌನ್ಸಿಲು ರದ್ದುಪಡಿಸಿತು. ಇಬ್ಬರ ಆಶಯವು ಒಂದೇ ತೆರನಾಗಿದ್ದರೆ ಸಾಲದು. ಅದು ಇಬ್ಬರೂ ಹಂಚಿಕೊಂಡ ಆಶಯವಾಗಿರಬೇಕು. ಬಂಧುವನ್ನು ಬಿಡಿಸುವ ಉದ್ದೇಶವಷ್ಟೇ ಸಮಾನವೆಂದು ಕಂಡಿತು, ಕೊಲ್ಲುವ ಉದ್ದೇಶವಲ್ಲ.

ಸ್ವತಂತ್ರ ಭಾರತದ ಸುಪ್ರೀಮ ಕೋರ್ಟು 1954ರಲ್ಲಿ ಪಾಂಡುರಂಗನ ಮೊಕದ್ದಮೆಯಲ್ಲಿ ಇದನ್ನೇ ದೃಢಪಡಿಸಿತು. ಮನಸ್ಸುಗಳ ಒಪ್ಪಂದವು ಸ್ಥಳದಲ್ಲಿಯೇ, ಕ್ಷಣಮಾತ್ರದಲ್ಲಿಯೂ ಆಗಬಹುದು. ಆದರೆ ಅದು ಕೃತ್ಯಕ್ಕಿಂತ ಮೊದಲೇ ಆಗಿರಬೇಕು, ನಡತೆಯಿಂದಲೂ ಪರಿಸ್ಥಿತಿಯಿಂದಲೂ ಸಿದ್ಧವಾಗಬೇಕು. ಅದು ಸಿದ್ಧವಾಗದಿದ್ದಲ್ಲಿ ಪ್ರತಿಯೊಬ್ಬನೂ ತನ್ನ ಕೈಯ ಪೆಟ್ಟಿಗೆ ಮಾತ್ರ ಹೊಣೆ. ಬರಿಗೈಯಿಂದ ತಳ್ಳಿದವನಿಗೂ ಕೊಡಲಿ ಬೀಸಿದವನಿಗೂ ಆಗ ಅಪರಾಧವು ಬೇರೆ ಬೇರೆ.

ಐವರು ಅಥವಾ ಹೆಚ್ಚು ಜನರ ಅಕ್ರಮಕೂಟಕ್ಕೆ ನಿಯಮವು ಇನ್ನೂ ಕಠಿಣ. ಹಳೆಯ 149ನೆಯ, ಇಂದಿನ 190ನೆಯ ಕಲಮಿನಂತೆ, ಕೂಟದ ಸಮಾನ ಉದ್ದೇಶಕ್ಕಾಗಿ ಒಬ್ಬನು ಮಾಡಿದ ಅಪರಾಧಕ್ಕೆ, ಆಗ ಕೂಟದಲ್ಲಿದ್ದ ಸದಸ್ಯರೆಲ್ಲರೂ ಬಾಧ್ಯರು. ಹೊಸ ಸಂಹಿತೆಯ 117ನೆಯ ಕಲಮು, ಐವರು ಅಥವಾ ಹೆಚ್ಚು ಜನರ ಗುಂಪು ಜಾತಿ, ಭಾಷೆ, ಜನ್ಮಸ್ಥಳ ಮೊದಲಾದ ಕಾರಣಗಳಿಂದ ಒಬ್ಬನಿಗೆ ತೀವ್ರ ಗಾಯಮಾಡಿದರೆ ಗುಂಪಿನ ಪ್ರತಿಯೊಬ್ಬನಿಗೂ 7 ವರ್ಷಗಳವರೆಗಿನ ಸೆರೆಯನ್ನು ವಿಧಿಸುತ್ತದೆ.

ಆದುದರಿಂದ ನನ್ನ ವಿಜ್ಞಾಪನೆಗಳು ಎರಡು. ಮೊದಲನೆಯದು ತರುಣರಿಗೆ: "ನಾನು ಕೈಯೆತ್ತಲಿಲ್ಲ, ಸುಮ್ಮನೆ ಜೊತೆಗಿದ್ದೆ" ಎಂಬ ಮಾತು ನಿಮ್ಮನ್ನು ಯಾವಾಗಲೂ ಕಾಯದು. ಗೆಳೆಯರು ಬಡಿಗೆ ಹಿಡಿದು ಹೊರಟಾಗ ಅವರನ್ನು ತಡೆಯಿರಿ, ಆಗದಿದ್ದರೆ ಹಿಂದಿರುಗಿರಿ. ಎರಡನೆಯದು ಫಿರ್ಯಾದಿ ಕೊಡುವವರಿಗೆ: ಯಾರು ಯಾವ ಆಯುಧ ಹಿಡಿದಿದ್ದರು, ಯಾರು ಎಲ್ಲಿ ಹೊಡೆದರು ಎಂಬದನ್ನು ಕಂಡಷ್ಟೇ ಹೇಳಿರಿ. ಹಳೆಯ ಹಗೆಗಾಗಿ ಮನೆಯವರೆಲ್ಲರ ಹೆಸರನ್ನು ಬರೆಯಿಸಿದರೆ ನಿರಪರಾಧಿಯು ವರ್ಷಗಟ್ಟಲೆ ಕೋರ್ಟಿಗೆ ಅಲೆಯುವನು; ಸುಳ್ಳಿನ ಸಂಗದಿಂದ ನಿಮ್ಮ ಸತ್ಯವೂ ಶಂಕೆಗೆ ಗುರಿಯಾಗಿ ನಿಜವಾದ ಅಪರಾಧಿಯು ನಗುತ್ತ ಹೊರಬರುವನು.

ಗುಂಪಿಗೆ ಕೈಗಳು ನೂರಿರಬಹುದು. ಕಟೆಕಟೆಯಲ್ಲಿ ನಿಲ್ಲುವಾಗ ಪ್ರತಿಯೊಬ್ಬನ ಮನಸ್ಸನ್ನೂ ಬೇರೆ ಬೇರೆಯಾಗಿ ತೂಗಬೇಕು. ಆ ತೂಕವು ತಪ್ಪದಂತೆ ನೋಡುವದು ನ್ಯಾಯಾಧೀಶರ ಕರ್ತವ್ಯವಾದಂತೆ ಸತ್ಯ ಹೇಳುವ ಸಾಕ್ಷಿಯ ಕರ್ತವ್ಯವೂ ಆಗಿದೆ.