ಸಿಮೆಯೋನನ ತೋಳುಗಳಲ್ಲಿ ಯೆಹೂದ್ಯ ಕಂದ

(ಪ್ರಭುಯೇಸುವಿನ ಸಮರ್ಪಣೆಯ ಹಬ್ಬದ ಪ್ರಬೋಧನೆ. ಫೆಬ್ರವರಿ 2. ಶುಭಸಂದೇಶ: ಲೂಕ 2:22–40)



ಕ್ರಿಸ್ತಜಯಂತಿಯಿಂದ ಎಣಿಸಿದರೆ ಇಂದು ನಲವತ್ತನೆಯ ದಿನ. ಆಶೀರ್ವದಿಸಿದ ಮೇಣದ ಬತ್ತಿಗಳನ್ನು ಹಿಡಿದು ನಾವೆಲ್ಲರೂ ಮೆರವಣಿಗೆಯಲ್ಲಿ ದೇವಾಲಯದೊಳಗೆ ಬಂದಿದ್ದೇವೆ. ಈ ಬೆಳಕಿನ ಹಬ್ಬದಂದು ನನ್ನದೇ ಒಂದು ತಪ್ಪನ್ನು ನಿಮ್ಮ ಮುಂದೆ ಒಪ್ಪಿಕೊಂಡು ಮಾತು ಆರಂಭಿಸುತ್ತೇನೆ.

ಕೆಲವು ವರ್ಷಗಳ ಹಿಂದೆ, ತಪಸ್ಸು ಕಾಲದ ಒಂದು ಭಾನುವಾರ, ನಾನು ಮಕ್ಕಳಿಗೆ ಧರ್ಮೋಪದೇಶ ಮಾಡುತ್ತಿದ್ದೆ. ಪ್ರಭುವಿನ ಪಾಡುಗಳನ್ನು ವರ್ಣಿಸುವ ಭರದಲ್ಲಿ, “ಕಲ್ಲು ಹೃದಯದ ಯೆಹೂದ್ಯರು ನಮ್ಮ ಯೇಸುಸ್ವಾಮಿಯನ್ನು ಕೊಂದುಬಿಟ್ಟರು” ಎಂದೆ. ಎಂಟು ವರ್ಷದ ಹುಡುಗಿಯೊಬ್ಬಳು ಎದ್ದು ನಿಂತು, “ಫಾದರ್, ಮರಿಯಮ್ಮನವರು ಯಾವ ಜನ?” ಎಂದು ಕೇಳಿದಳು. “ಯೆಹೂದ್ಯರು” ಎಂದೆ. “ಯೇಸುಸ್ವಾಮಿ?” “ಅವರೂ ಯೆಹೂದ್ಯರೇ.” “ಮತ್ತೆ ಯಾಕೆ ಫಾದರ್ ಅವರನ್ನ ಬೈತೀರಿ?” ಗುರುಮಠದಲ್ಲಿ ಹಲವು ವರ್ಷ ದೈವಶಾಸ್ತ್ರ ಓದಿದ್ದ ನನಗೆ ಥಟ್ಟನೆ ಉತ್ತರ ಹೊಳೆಯಲಿಲ್ಲ. ಇಂದಿನ ಶುಭಸಂದೇಶವನ್ನು ಓದುವಾಗಲೆಲ್ಲಾ ಆ ಮಗುವಿನ ಪ್ರಶ್ನೆ ನೆನಪಾಗುತ್ತದೆ.

ಪ್ರಿಯರೇ, ಸಂತ ಲೂಕನು ಇಂದಿನ ವಾಚನದಲ್ಲಿ ಏನು ಹೇಳುತ್ತಾನೆ ಗಮನಿಸಿ. ಮರಿಯ ಮತ್ತು ಜೋಸೆಫರು ಧರ್ಮಶಾಸ್ತ್ರದ ಪ್ರಕಾರ ನಡೆದುಕೊಂಡರು ಎಂಬುದನ್ನು ಈ ಒಂದೇ ಭಾಗದಲ್ಲಿ ಐದು ಬಾರಿ ಹೇಳುತ್ತಾನೆ. ಮಗುವಿಗೆ ಎಂಟನೆಯ ದಿನ ಸುನ್ನತಿಯಾಗಿತ್ತು. ಈಗ ಚೊಚ್ಚಲ ಮಗನನ್ನು ದೇವರಿಗೆ ಅರ್ಪಿಸಲು ಜೆರುಸಲೇಮಿನ ಮಹಾದೇವಾಲಯಕ್ಕೆ ತಂದಿದ್ದಾರೆ. ಕುರಿಮರಿ ಕೊಡಲು ಅನುಕೂಲವಿಲ್ಲದ ಬಡವರಿಗೆ ಧರ್ಮಶಾಸ್ತ್ರವು ಅನುಮತಿಸಿದ ಜೋಡಿ ಹಕ್ಕಿಗಳ ಕಾಣಿಕೆ ಅವರದು. ಮುಂದೆ ಇದೇ ಮಗು ದೊಡ್ಡವನಾಗಿ ಸಬ್ಬತ್ ದಿನ ವಾಡಿಕೆಯಂತೆ ಪ್ರಾರ್ಥನಾಮಂದಿರಕ್ಕೆ ಹೋಗುತ್ತಾನೆ. ರಕ್ತಸ್ರಾವದ ರೋಗಿಯಾಗಿದ್ದ ಮಹಿಳೆ ಮುಟ್ಟಿದ್ದು ಅವರ ಉಡುಪಿನ ಅಂಚನ್ನು. ಭಕ್ತ ಯೆಹೂದ್ಯರು ಗೊಂಡೆ ಕಟ್ಟುತ್ತಿದ್ದ ಅಂಚು ಅದು. ಅತಿ ದೊಡ್ಡ ಆಜ್ಞೆ ಯಾವುದೆಂದು ಕೇಳಿದಾಗ ಯೇಸುಸ್ವಾಮಿ ಕೊಟ್ಟ ಉತ್ತರ, ಯೆಹೂದ್ಯರು ಇಂದಿಗೂ ದಿನಕ್ಕೆ ಎರಡು ಬಾರಿ ಪಠಿಸುವ ಪ್ರಾರ್ಥನೆಯ ಮಾತು.

ಮಗುವನ್ನು ಮೊದಲು ಗುರುತಿಸಿದವರಾದರೂ ಯಾರು? ಸಿಮೆಯೋನ ಮತ್ತು ಅನ್ನ, ಇಬ್ಬರು ವೃದ್ಧ ಯೆಹೂದ್ಯರು. ಪ್ರೇಷಿತರೆಲ್ಲರೂ ಯೆಹೂದ್ಯರು. ಪುನರುತ್ಥಾನದ ನಂತರವೂ ಅವರು ಮಹಾದೇವಾಲಯದಲ್ಲಿ ಪ್ರಾರ್ಥಿಸುತ್ತಿದ್ದರೆಂದು ಪ್ರೇಷಿತರ ಕಾರ್ಯಕಲಾಪಗಳು ಹೇಳುತ್ತವೆ. ಅನ್ಯಜನರು ಸುನ್ನತಿಯಿಲ್ಲದೆ ಧರ್ಮಸಭೆಗೆ ಸೇರಬಹುದೇ ಎಂದು ಜೆರುಸಲೇಮಿನಲ್ಲಿ ನಡೆದ ಚರ್ಚೆ ಯೆಹೂದ್ಯರ ಮನೆಯೊಳಗಿನ ಚರ್ಚೆಯೇ ಆಗಿತ್ತು. ಕ್ರಿ.ಶ. 70ರಲ್ಲಿ ರೋಮನ್ನರು ಮಹಾದೇವಾಲಯವನ್ನು ಕೆಡವಿದ ಮೇಲೆ, ಒಂದೇ ಮನೆಯ ಎರಡು ಕವಲುಗಳು ನಿಧಾನವಾಗಿ ದೂರವಾದವು.

ಆ ಇನ್ನೊಂದು ಕವಲಿನವರು ಅಂದಿನಿಂದ ನಮ್ಮ ಪ್ರಭುವನ್ನು ಹೇಗೆ ನೋಡಿದ್ದಾರೆ? ಶತಮಾನಗಳ ಕಾಲ ಬಹುಮಟ್ಟಿಗೆ ಮೌನ, ನಡುನಡುವೆ ಕಹಿ ಮಾತು. ಈ ಕಹಿಯಲ್ಲಿ ನಮ್ಮ ಪಾಲೂ ಇದೆ. ಮಧ್ಯಯುಗದ ಯೂರೋಪಿನಲ್ಲಿ ಪವಿತ್ರ ವಾರ ಬಂತೆಂದರೆ ಯೆಹೂದ್ಯರು ಬಾಗಿಲು ಹಾಕಿಕೊಂಡು ನಡುಗುತ್ತಿದ್ದ ಊರುಗಳಿದ್ದವು. ಶಿಲುಬೆಯ ಹೆಸರಿನಲ್ಲೇ ಕಲ್ಲು ಬೀಳುತ್ತಿದ್ದರೆ, ಶಿಲುಬೆಯ ಮೇಲಿರುವ ತಮ್ಮ ಸಹೋದರನನ್ನು ಅವರು ಗುರುತಿಸುವುದಾದರೂ ಹೇಗೆ?

ಆದರೂ ಅಂಥ ಕಾಲದಲ್ಲೂ ಉದಾರವಾಗಿ ಯೋಚಿಸಿದವರಿದ್ದರು. ಈಜಿಪ್ಟಿನಲ್ಲಿ ವೈದ್ಯರಾಗಿದ್ದ ಮಹಾಪಂಡಿತ ಮೈಮೊನಿಡಿಸ್ 1204ರಲ್ಲಿ ತೀರಿಕೊಂಡರು. ಯೇಸುವನ್ನು ಅವರು ಮೆಸ್ಸೀಯನೆಂದು ಒಪ್ಪಲಿಲ್ಲ. ಆದರೆ ಕ್ರೈಸ್ತಧರ್ಮದ ಮೂಲಕ ದೇವರ ಆಜ್ಞೆಗಳ ಮಾತು ದೂರದ ದ್ವೀಪಗಳಿಗೂ ತಲುಪಿ, ಬರಲಿರುವ ಮೆಸ್ಸೀಯನಿಗೆ ದಾರಿ ಸಿದ್ಧವಾಯಿತು ಎಂದು ಬರೆದರು. ಜರ್ಮನಿಯ ರಬ್ಬಿ ಜೇಕಬ್ ಎಮ್‌ಡೆನ್ 1757ರ ಒಂದು ಪತ್ರದಲ್ಲಿ ಇನ್ನೂ ಮುಂದೆ ಹೋದರು: ಯೇಸು ಲೋಕಕ್ಕೆ ಇಮ್ಮಡಿ ಒಳಿತು ಮಾಡಿದ್ದಾರೆ, ಮೋಶೆಯ ಧರ್ಮಶಾಸ್ತ್ರವನ್ನು ಬಲಪಡಿಸಿದ್ದಾರೆ, ಅನ್ಯಜನರನ್ನು ಒಬ್ಬನೇ ದೇವರ ಕಡೆಗೆ ತಿರುಗಿಸಿದ್ದಾರೆ ಎಂದರು.

ಹತ್ತೊಂಬತ್ತನೆಯ ಶತಮಾನದಿಂದ ಯೆಹೂದ್ಯ ವಿದ್ವಾಂಸರು ನಮ್ಮ ಶುಭಸಂದೇಶಗಳನ್ನು ತಾವೇ ಓದತೊಡಗಿದರು. ಯೇಸು ರಬ್ಬಿ ಹಿಲ್ಲೆಲರ ಹಾದಿಯಲ್ಲಿ ನಡೆದ ಫರಿಸಾಯರು ಎಂದರು ಅಬ್ರಹಾಂ ಗೈಗರ್. ಫರಿಸಾಯ ಎಂದರೆ ಕಪಟಿ ಎಂದಷ್ಟೇ ತಿಳಿದಿರುವ ನಮಗೆ ಇದು ಅಚ್ಚರಿ. ಆದರೆ ಸತ್ತವರ ಪುನರುತ್ಥಾನವನ್ನು ನಂಬಿದ್ದವರು ಫರಿಸಾಯರೇ. ಹೆರೋದನು ಕೊಲ್ಲಬೇಕೆಂದಿದ್ದಾನೆ, ಇಲ್ಲಿಂದ ಹೊರಟುಹೋಗಿ ಎಂದು ಯೇಸುವನ್ನು ಎಚ್ಚರಿಸಿದವರೂ ಫರಿಸಾಯರೇ. ಇದನ್ನು ಬರೆದವನು ಸಂತ ಲೂಕನೇ. 1922ರಲ್ಲಿ ಜೋಸೆಫ್ ಕ್ಲೌಸ್ನರ್ ಜೆರುಸಲೇಮಿನಲ್ಲಿ ಹೀಬ್ರೂ ಭಾಷೆಯಲ್ಲೇ ಯೇಸುವಿನ ಜೀವನಚರಿತ್ರೆ ಪ್ರಕಟಿಸಿದರು. ಮಾರ್ಕ್ ಶಾಗಾಲ್ ಎಂಬ ಯೆಹೂದ್ಯ ಚಿತ್ರಕಾರ 1938ರಲ್ಲಿ ಒಂದು ಶಿಲುಬೆಯ ಚಿತ್ರ ಬರೆದರು. ಅದರಲ್ಲಿ ಯೇಸುವಿನ ಸೊಂಟಕ್ಕೆ ಸುತ್ತಿರುವುದು ಯೆಹೂದ್ಯರ ಪ್ರಾರ್ಥನೆಯ ಶಾಲು. ಶಿಲುಬೆಯ ಸುತ್ತ ಪ್ರಾರ್ಥನಾಮಂದಿರ ಉರಿಯುತ್ತಿದೆ, ಜನ ಗಂಟುಮೂಟೆ ಹೊತ್ತು ಓಡುತ್ತಿದ್ದಾರೆ. ತನ್ನ ಜನರ ಸಂಕಟದ ನಡುವೆ ಅವರಲ್ಲೊಬ್ಬರಾಗಿ ತೂಗುತ್ತಿರುವ ಯೇಸು!

ಇನ್ನೊಬ್ಬರ ಕಥೆಯನ್ನು ಸ್ವಲ್ಪ ನಿಂತು ಕೇಳಬೇಕು. ಜ್ಯೂಲ್ ಇಸಾಕ್ ಫ್ರಾನ್ಸಿನ ಇತಿಹಾಸಕಾರರು. ಅಲ್ಲಿನ ಶಾಲಾ ಮಕ್ಕಳು ಓದುತ್ತಿದ್ದುದು ಅವರ ಚರಿತ್ರೆಯ ಪುಸ್ತಕಗಳನ್ನು. ಯೆಹೂದ್ಯರೆಂಬ ಒಂದೇ ಕಾರಣಕ್ಕೆ ಎರಡನೇ ಮಹಾಯುದ್ಧದಲ್ಲಿ ಹುದ್ದೆ ಹೋಯಿತು. 1943ರಲ್ಲಿ ಅವರ ಹೆಂಡತಿ ಮತ್ತು ಮಗಳನ್ನು ಬಂಧಿಸಿ ಆಶ್‌ವಿಟ್ಜ್ ಶಿಬಿರಕ್ಕೆ ಸಾಗಿಸಿದರು, ಅವರು ಹಿಂದಿರುಗಲಿಲ್ಲ. ಹಿಡಿದವರು ಬಂದಾಗ ಇಸಾಕ್ ಮನೆಯಲ್ಲಿರಲಿಲ್ಲ. ಕೈಗೆತ್ತಿಕೊಂಡ ಕೆಲಸವನ್ನು ಮುಗಿಸಿ ಎಂದು ಹೆಂಡತಿ ಸೆರೆಯಿಂದ ಹೇಳಿಕಳುಹಿಸಿದ್ದರು. ಆ ಕೆಲಸವೇ ಯೇಸು ಮತ್ತು ಇಸ್ರಾಯೇಲರ ಕುರಿತ ಗ್ರಂಥ. ಅದು 1948ರಲ್ಲಿ ಹೊರಬಂತು. ಯೇಸು ತಮ್ಮ ಜನರನ್ನು ತಿರಸ್ಕರಿಸಲಿಲ್ಲ, ಆ ಜನರೆಲ್ಲರೂ ಯೇಸುವನ್ನು ತಿರಸ್ಕರಿಸಲೂ ಇಲ್ಲ. ಧರ್ಮೋಪದೇಶದ ತರಗತಿಗಳಲ್ಲಿ ಕಲಿಸಿದ ತಿರಸ್ಕಾರವೇ ಹತ್ಯೆಗೆ ನೆಲ ಹದಗೊಳಿಸಿತು ಎಂದು ಅವರು ಶುಭಸಂದೇಶಗಳಿಂದಲೇ ತೋರಿಸಿದರು.

1960ರ ಜೂನ್ 13ರಂದು, 82ನೆಯ ವಯಸ್ಸಿನಲ್ಲಿ, ಅವರು ಜಗದ್ಗುರು ಇಪ್ಪತ್ಮೂರನೆಯ ಯೊವಾನ್ನರನ್ನು ಕಂಡು ಈ ಬೋಧನೆಯನ್ನು ತಿದ್ದಬೇಕೆಂದು ಕೇಳಿಕೊಂಡರು. ಶುಭಶುಕ್ರವಾರದ ಪ್ರಾರ್ಥನೆಯಲ್ಲಿ ಯೆಹೂದ್ಯರನ್ನು ಹಳಿಯುತ್ತಿದ್ದ ಪದವನ್ನು 1959ರಲ್ಲೇ ತೆಗೆಸಿದ್ದವರು ಈ ಜಗದ್ಗುರುಗಳು. ದ್ವಿತೀಯ ವ್ಯಾಟಿಕನ್ ಮಹಾಸಭೆ 1965ರ ಅಕ್ಟೋಬರ್ 28ರಂದು ‘ನೋಸ್ತ್ರಾ ಏತಾತೆ’ ಎಂಬ ಘೋಷಣೆಯನ್ನು ಹೊರಡಿಸಿತು. ಪ್ರಭುವಿನ ಮರಣದ ದೋಷವನ್ನು ಅಂದಿನ ಎಲ್ಲ ಯೆಹೂದ್ಯರ ಮೇಲಾಗಲಿ, ಇಂದಿನ ಯೆಹೂದ್ಯರ ಮೇಲಾಗಲಿ ಹೊರಿಸಬಾರದೆಂದು ಅದು ಸ್ಪಷ್ಟವಾಗಿ ಸಾರಿತು. ಅದನ್ನು ನೋಡಲು ಇಸಾಕ್ ಇರಲಿಲ್ಲ, 1963ರಲ್ಲೇ ತೀರಿಕೊಂಡಿದ್ದರು. ಮಹಾದೇವಾಲಯದಲ್ಲಿ ಕಾದ ಸಿಮೆಯೋನನ ಪುಣ್ಯ ಅವರಿಗೆ ದಕ್ಕಲಿಲ್ಲ.

ಹಾಗಾದರೆ ನಮಗೂ ಅವರಿಗೂ ಭೇದವೇ ಇಲ್ಲವೇ? ಇದೆ. ಅದನ್ನು ಮರೆಮಾಚಬಾರದು. ಯೇಸು ಇಟ್ಟಿದ್ದ ವಿಶ್ವಾಸ ನಮ್ಮನ್ನು ಒಂದುಗೂಡಿಸುತ್ತದೆ, ಯೇಸುವಿನಲ್ಲಿ ಇಡುವ ವಿಶ್ವಾಸ ನಮ್ಮನ್ನು ಬೇರ್ಪಡಿಸುತ್ತದೆ ಎಂಬುದು ಜೆರುಸಲೇಮಿನಲ್ಲಿ ನೆಲೆಸಿದ್ದ ಯೆಹೂದ್ಯ ಲೇಖಕ ಶಾಲೋಮ್ ಬೆನ್-ಖೋರಿನ್ ಅವರ ಅಭಿಪ್ರಾಯ. ಮೆಸ್ಸೀಯ ಬಂದಿದ್ದರೆ ಯುದ್ಧಗಳು ನಿಲ್ಲಬೇಕಿತ್ತು, ನ್ಯಾಯ ನೆಲೆಸಬೇಕಿತ್ತು. ಲೋಕ ಬದಲಾಗಿದೆಯೇ ಎಂದು ಯೆಹೂದ್ಯರು ಕೇಳುತ್ತಾರೆ. ನಾವು ಶಿಲುಬೆಗೇರಿ ಪುನರುತ್ಥಾನರಾದ ಯೇಸುವನ್ನು ದೇವಪುತ್ರರೆಂದು ಸಾರುತ್ತೇವೆ. ಅದರಲ್ಲಿ ಎಳ್ಳಷ್ಟೂ ಹಿಂಜರಿಕೆಯಿಲ್ಲ. ಆದರೆ ಅವರ ಪ್ರಶ್ನೆಗೆ ವಾದದಿಂದ ಉತ್ತರ ಕೊಟ್ಟು ಮುಗಿಸಲಾಗದು. ಬಂದ ಪ್ರಭುವಿನ ಗುರುತು ನಮ್ಮ ಬಾಳಿನಲ್ಲಿ ಕಾಣಬೇಕು. ಈ ಮಗು ವಿವಾದಕ್ಕೆ ಗುರುತಾಗುವನೆಂದು ಸಿಮೆಯೋನನೇ ಅಂದು ತಾಯಿಗೆ ಹೇಳಿದ್ದನಲ್ಲವೇ?

ಪ್ರಿಯರೇ, ಮನೆಗೆ ಬಂದ ಸೊಸೆಯನ್ನು ಬಾಯಿತುಂಬ ಹೊಗಳಿ, ಅವಳ ತವರನ್ನು ದಿನವೂ ಹಳಿದರೆ ಆ ಹೆಣ್ಣುಮಗಳು ಸಂತೋಷಪಟ್ಟಾಳೇ? ಯೇಸುಸ್ವಾಮಿಯನ್ನು ಸ್ತುತಿಸಿ ಅವರು ಹುಟ್ಟಿ ಬೆಳೆದ ಮನೆಯನ್ನು ಜರೆಯುವುದೂ ಹಾಗೆಯೇ. ಕಸಿ ಕಟ್ಟಿದ ಮಾವಿನ ಗಿಡವನ್ನು ನೀವೆಲ್ಲ ಬಲ್ಲಿರಿ. ಮೇಲಿನ ಕೊಂಬೆ ಎಷ್ಟೇ ಸಿಹಿ ಹಣ್ಣು ಕೊಡಲಿ, ನೀರು ಬರುವುದು ಕೆಳಗಿನ ಬೇರಿನಿಂದ. ಸಂತ ಪೌಲನು ರೋಮನರಿಗೆ ಬರೆದ ಪತ್ರದಲ್ಲಿ ನಮ್ಮನ್ನು ಓಲಿವ್ ಮರಕ್ಕೆ ಕಸಿ ಕಟ್ಟಿದ ಕಾಡುಕೊಂಬೆ ಎಂದು ಕರೆದು, ಬೇರೇ ನಿನ್ನನ್ನು ಹೊತ್ತಿದೆ, ಜಂಬ ಬೇಡ ಎಂದು ಎಚ್ಚರಿಸಿದ್ದಾನೆ.

ಆದ್ದರಿಂದ ಧರ್ಮೋಪದೇಶಕರಲ್ಲಿ ಮತ್ತು ಪೋಷಕರಲ್ಲಿ ನನ್ನ ಬಿನ್ನಹ ಇಷ್ಟೇ. ಈ ಬಾರಿಯ ಪವಿತ್ರ ವಾರದಲ್ಲಿ ಪಾಡುಗಳ ನಾಟಕ ಆಡಿಸುವಾಗ, ‘ಯೆಹೂದ್ಯರು’ ಎಂದು ಇಡೀ ಜನಾಂಗವನ್ನು ಖಳರನ್ನಾಗಿ ನಿಲ್ಲಿಸಬೇಡಿ. ಪ್ರೇಷಿತರ ವಿಶ್ವಾಸ ಪ್ರಮಾಣವನ್ನು ನೆನೆಯಿರಿ. ಅದರಲ್ಲಿ ಬರುವ ಅಧಿಕಾರಿಯ ಹೆಸರು ರೋಮನ್ ರಾಜ್ಯಪಾಲ ಪಿಲಾತನದು. ನಮ್ಮೆಲ್ಲರ ಪಾಪವೇ ಪ್ರಭುವನ್ನು ಶಿಲುಬೆಗೇರಿಸಿತೆಂಬುದು ಧರ್ಮಸಭೆಯ ಬೋಧನೆ. ಯಾರನ್ನಾದರೂ ಬೆರಳು ಮಾಡಿ ತೋರಿಸಬೇಕೆನಿಸಿದರೆ, ಬೆರಳು ಮೊದಲು ನಮ್ಮ ಎದೆಯನ್ನೇ ತೋರಿಸಲಿ.

ನಾನೂ ಮುಂದಿನ ಭಾನುವಾರವೇ ಮಕ್ಕಳ ಮುಂದೆ ನಿಂತು, “ನಾನು ಹೇಳಿದ್ದು ತಪ್ಪು” ಎಂದು ಒಪ್ಪಿಕೊಂಡೆ. ಆ ಹುಡುಗಿ ನಕ್ಕಳು; ನನ್ನ ಮನಸ್ಸೂ ಹಗುರವಾಯಿತು.

ಇಂದು ಮನೆಗೆ ಕೊಂಡೊಯ್ಯುವ ಮೇಣದ ಬತ್ತಿಯನ್ನು ಸಂಜೆ ಕುಟುಂಬ ಪ್ರಾರ್ಥನೆಯಲ್ಲಿ ಹಚ್ಚಿರಿ. ಸಿಮೆಯೋನನು ತೋಳುಗಳಲ್ಲಿ ಎತ್ತಿಕೊಂಡ ಆ ಕಂದ ಅನ್ಯಜನರಿಗೆ ಬೆಳಕು, ಇಸ್ರಾಯೇಲರಿಗೆ ಮಹಿಮೆ. ಈ ಎರಡರಲ್ಲಿ ಒಂದನ್ನು ಆರಿಸಿ ಇನ್ನೊಂದನ್ನು ಬಿಡುವ ಹಕ್ಕು ನಮಗಿಲ್ಲ. ತಮ್ಮ ಜನರನ್ನು ಕೊನೆಯವರೆಗೂ ಪ್ರೀತಿಸಿದ ಪ್ರಭು, ನಮ್ಮ ನಾಲಿಗೆಯನ್ನು ತಿದ್ದಿ, ಹೃದಯವನ್ನು ಬೆಳಗಿಸಲಿ. ಆಮೆನ್.