ತಪ್ಪು ಕೈಯದಲ್ಲ, ತುಂಡಿನದು

ಸೆಪ್ಟೆಂಬರ್ ಮೊದಲ ವಾರ ಕೊಡಗಿನಲ್ಲಿ ಕೈಲ್ ಪೊಳ್ದ್. ಕೋವಿಗೆ ಪೂಜೆ, ಊಟಕ್ಕೆ ಕಡಂಬುಟ್ಟು, ಪಂದಿ ಕರಿ. ಊರು ಬಿಟ್ಟು ಬೆಂಗಳೂರು ಸೇರಿದ ಮನೆಗಳಲ್ಲೂ ಅದೇ ಅಡಿಗೆ. ಮಸಾಲೆ ಅಜ್ಜಿಯದೇ, ಕಾಚಂಪುಳಿ ಊರಿನದೇ. ಆದರೂ ಎಷ್ಟೋ ಸಲ ಮಾಂಸ ನಾರುನಾರಾಗಿ, ಒಣಗಿ ಬಾಯಿಗೆ ರುಚಿಸುವುದಿಲ್ಲ. ಏಕೆ?

ಕಾರಣ ಹಂದಿಯ ಮೈಯಲ್ಲೇ ಇದೆ. ಹೆಚ್ಚು ದುಡಿಯುವ ಸ್ನಾಯು ಬಿರುಸು, ದುಡಿಮೆ ಕಡಿಮೆ ಇರುವ ಸ್ನಾಯು ಮೆದು. ಬೆನ್ನುಮೂಳೆಯ ಇಕ್ಕೆಲದ ಮಾಂಸಕ್ಕೆ ದುಡಿಮೆ ಕಡಿಮೆ; ಕೊಬ್ಬೂ, ಅಂಟುನಾರೂ ಕಡಿಮೆ. ಅದನ್ನು ಬೇಗ ಬೇಯಿಸಿ ಇಳಿಸಬೇಕು. ಎರಡು ಗಂಟೆ ಕುದಿಸಿದರೆ ಒಳಗಿನ ರಸವೆಲ್ಲ ಹೊರಬಂದು ಒಣ ನಾರಷ್ಟೇ ಉಳಿಯುತ್ತದೆ.

ಹೆಗಲಿನ ಮಾತು ಬೇರೆ. ನಡೆಯುವಾಗ, ನೆಲ ಅಗೆಯುವಾಗ ಅದಕ್ಕೆ ಬಿಡುವಿಲ್ಲ. ಅಲ್ಲಿ ಕೊಲಾಜೆನ್ ಎಂಬ ಅಂಟುನಾರು ಹೇರಳ. ನೀರಿನಲ್ಲಿ, ಸಣ್ಣ ಉರಿಯಲ್ಲಿ, ನಿಧಾನವಾಗಿ ಬೆಂದರೆ ಅದು ಕರಗಿ ಜೆಲಟಿನ್ ಆಗುತ್ತದೆ. ಸಾರು ಗಟ್ಟಿಯಾಗಿ, ಮಾಂಸ ಮೆತ್ತಗಾಗುತ್ತದೆ. ಕಾಲಿನ ತುಂಡುಗಳಲ್ಲಿ ಈ ಅಂಟು ಇನ್ನೂ ಹೆಚ್ಚು. ಹೊಟ್ಟೆಯ ಭಾಗದಲ್ಲಿ ಮಾಂಸ, ಕೊಬ್ಬು ಪದರಪದರ.

ಪಂದಿ ಕರಿ ಹುಟ್ಟಿದ್ದು ಇಂಥ ಬಿರುಸು ತುಂಡುಗಳಿಗಾಗಿಯೇ ಎನ್ನಬಹುದು. ಬೇಟೆಯ ಕಾಲದಲ್ಲಿ ಕಾಡುಹಂದಿ. ಓಡಾಡಿ ಗಟ್ಟಿಯಾದ ಮಾಂಸ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ನಂತರ ಬೇಟೆಗೆ ಕಡಿವಾಣ ಬಿತ್ತು. ಈಗ ಪಾತ್ರೆಗೆ ಬೀಳುವುದು ಸಾಕಿದ ಹಂದಿ. ಹುರಿದು ಪುಡಿ ಮಾಡಿದ ಕೊತ್ತಂಬರಿ, ಜೀರಿಗೆ, ಮೆಣಸು ಹಾಗೆಯೇ ಉಳಿದವು. ಕೊನೆಗೆ ಬೀಳುವ ಕಾಚಂಪುಳಿಯೂ ಉಳಿಯಿತು. ಪಣಪುಳಿ ಹಣ್ಣಿನ ರಸ ಕಾಯಿಸಿ ಕಪ್ಪಾಗಿಸಿದ ಆ ಹುಳಿಯೇ ಕೊಬ್ಬಿನ ಜಿಡ್ಡನ್ನು ಬಾಯಲ್ಲಿ ಹದಕ್ಕೆ ತರುವುದು.

ಹೀಗಾಗಿ ಪಟ್ಟಣದಲ್ಲಿ ಕೊಬ್ಬಿಲ್ಲದ ಬೆನ್ನಿನ ಮಾಂಸವನ್ನೇ ಆರಿಸಿ ತಂದು ಅಜ್ಜಿಯ ಲೆಕ್ಕದಲ್ಲಿ ಬೇಯಿಸಿದರೆ ಅಡಿಗೆ ಕೆಡುವುದು ಸಹಜ. ಹೆಗಲು ಮತ್ತು ಹೊಟ್ಟೆಯ ತುಂಡುಗಳನ್ನು ಸೇರಿಸಿ ಕೊಂಡರೆ ಅರ್ಧ ಕೆಲಸ ಮುಗಿದಂತೆ.

ಒಂದು ಎಚ್ಚರಿಕೆ ಮಾತ್ರ ಎಲ್ಲ ತುಂಡಿಗೂ ಒಂದೇ. ಬೇಯದ ಹಂದಿಮಾಂಸದಿಂದ ಲಾಡಿಹುಳು ಹೊಟ್ಟೆ ಸೇರಬಹುದು. ಬೇಗ ಇಳಿಸುವುದೆಂದರೆ ಹಸಿಯಾಗಿ ಇಳಿಸುವುದಲ್ಲ. ನಡುಭಾಗ 71 ಡಿಗ್ರಿ ಸೆಲ್ಷಿಯಸ್ ಕಾವು ಮುಟ್ಟಿದರೆ ನಿಶ್ಚಿಂತೆ.

ಅಜ್ಜಿಯ ಕೈಗುಣ ಎನ್ನುವುದರಲ್ಲಿ ಮಸಾಲೆಯ ಪಾಲು ಅರ್ಧ. ಯಾವ ತುಂಡಿಗೆ ಎಷ್ಟು ಉರಿ ಎಂಬ ತಿಳಿವಳಿಕೆಯೇ ಉಳಿದರ್ಧ. ಮಸಾಲೆಯನ್ನು ಬರೆದಿಟ್ಟುಕೊಂಡ ಮನೆಗಳು ಇದನ್ನೂ ಬರೆದಿಟ್ಟುಕೊಳ್ಳುವುದು ಒಳ್ಳೆಯದು.